ಚೆಂಡು ಹೊತ್ತು ಓಡುವವನ ಆಯುಷ್ಯ ಎಷ್ಟು?

ಬೆಂಗಳೂರಿನ ಮೆಜೆಸ್ಟಿಕ್‌ನಿಂದ ಮೈಸೂರು ರಸ್ತೆ ಹಿಡಿದು ಹೊರಟರೆ ಹದಿನೇಳು ಕಿಲೋಮೀಟರಿನೊಳಗೆ ಕೆಂಗೇರಿ ಸಿಗುತ್ತದೆ. ಸಿಟಿ ಬಸ್ಸಿನಲ್ಲಿ ಕೂತು ಒಂದು ನಿದ್ದೆ ತೆಗೆಯುವಷ್ಟು ದಾರಿ. ಅಮೆರಿಕನ್ ಫುಟ್‌ಬಾಲ್‌ನಲ್ಲಿ ಚೆಂಡು ಹೊತ್ತು ಅತಿ ಹೆಚ್ಚು ದೂರ ಓಡಿದ ದಾಖಲೆ ಎಮ್ಮಿಟ್ ಸ್ಮಿತ್ ಅವರದು. ಆ ದೂರ 18,355 ಗಜ. ಕಿಲೋಮೀಟರಿಗೆ ಇಳಿಸಿದರೆ ಹದಿನೇಳಕ್ಕೂ ತುಸು ಕಡಿಮೆ. ಇಷ್ಟು ಓಡಲು ಅವರಿಗೆ ಹದಿನೈದು ವರ್ಷ ಹಿಡಿಯಿತು. ದಾರಿಯಲ್ಲಿ 4,409 ಸಲ ಹೊಸದಾಗಿ ಹೊರಡಬೇಕಾಯಿತು, ಏಕೆಂದರೆ ಹೆಚ್ಚುಕಡಿಮೆ ಪ್ರತಿ ಸಲವೂ ಯಾರೋ ಅವರನ್ನು ನೆಲಕ್ಕೆ ಕೆಡವಿದ್ದರು.

ಈ ಕೆಲಸ ಮಾಡುವವನಿಗೆ ರನ್ನಿಂಗ್ ಬ್ಯಾಕ್ ಎಂದು ಹೆಸರು. ಅಮೆರಿಕದ ವೃತ್ತಿಪರ ಲೀಗ್ ಎನ್‌ಎಫ್‌ಎಲ್‌ನಲ್ಲಿ ಮಕ್ಕಳು ಯಾರ ಅಂಗಿಯ ನಂಬರು ಬೇಕೆಂದು ಹಟ ಹಿಡಿಯುತ್ತಾರೋ ಅಂಥವರ ಸಾಲಿನಲ್ಲಿ ಅವನಿರುತ್ತಾನೆ. ಎಲ್ಲರಿಗಿಂತ ಬೇಗ ಮನೆಗೆ ಹೋಗುವವರ ಸಾಲಿನಲ್ಲೂ ಅವನೇ ಇರುತ್ತಾನೆ.

ನಮ್ಮಲ್ಲಿ ಈ ಆಟದ ಮಾತು ಈಚೆಗೆ ಹೆಚ್ಚಿದೆ. 2023ರ ಅಕ್ಟೋಬರ್‌ನಲ್ಲಿ ಮುಂಬೈಯಲ್ಲಿ ಸಭೆ ಸೇರಿದ ಅಂತರರಾಷ್ಟ್ರೀಯ ಒಲಿಂಪಿಕ್ ಸಮಿತಿ 2028ರ ಲಾಸ್ ಏಂಜಲೀಸ್ ಕೂಟಕ್ಕೆ ಕ್ರಿಕೆಟ್ಟನ್ನು ಸೇರಿಸಿದ್ದು ಎಲ್ಲರಿಗೂ ನೆನಪಿದೆ. ಅದೇ ಪಟ್ಟಿಯಲ್ಲಿ ಫ್ಲ್ಯಾಗ್ ಫುಟ್‌ಬಾಲ್ ಕೂಡ ಇತ್ತು. ಅದು ಈ ಆಟದ ಸೌಮ್ಯ ರೂಪ. ಅಲ್ಲಿ ಯಾರನ್ನೂ ಕೆಡವುವಂತಿಲ್ಲ, ಓಡುವವನ ಸೊಂಟಕ್ಕೆ ಕಟ್ಟಿದ ಪಟ್ಟಿಯನ್ನು ಕಿತ್ತುಕೊಂಡರೆ ಸಾಕು. ಡಲ್ಲಾಸ್, ನ್ಯೂಜೆರ್ಸಿ ಕಡೆಯ ಕನ್ನಡದ ಮನೆಗಳಲ್ಲಂತೂ ಮೊಮ್ಮಕ್ಕಳು ಈ ಆಟ ನೋಡುವಾಗ ಪಕ್ಕದಲ್ಲಿ ಕೂತ ಅಜ್ಜ, 'ಇದನ್ನು ಫುಟ್‌ಬಾಲ್ ಅನ್ನುತ್ತೀರಿ, ಚೆಂಡು ಕಾಲಿಗೇ ತಾಗುವುದಿಲ್ಲವಲ್ಲಪ್ಪ' ಎನ್ನುವುದು ಹೊಸತೇನಲ್ಲ. ಆ ಅಜ್ಜನಿಂದಲೇ ಶುರು ಮಾಡೋಣ.

ನಾಲ್ಕು ಅವಕಾಶ, ಹತ್ತು ಗಜ

ಮೈದಾನದ ಉದ್ದ ನೂರು ಗಜ. ಬಟ್ಟೆ ಅಂಗಡಿಯಲ್ಲಿ ಅಳೆಯುತ್ತಿದ್ದ ಅದೇ ಗಜ, ಮೂರು ಅಡಿ. ಎರಡೂ ತುದಿಯಲ್ಲಿ ಹತ್ತು ಹತ್ತು ಗಜದ ಎಂಡ್ ಜೋನ್ ಎಂಬ ಪಟ್ಟೆಗಳಿವೆ. ತಂಡಕ್ಕೆ ಹನ್ನೊಂದು ಜನ. ಚೆಂಡು ಯಾರ ಬಳಿ ಇದೆಯೋ ಆ ತಂಡ ಅದನ್ನು ಎದುರಾಳಿಯ ಎಂಡ್ ಜೋನ್‌ಗೆ ಮುಟ್ಟಿಸಬೇಕು. ಮುಟ್ಟಿಸಿದರೆ ಟಚ್‌ಡೌನ್, ಆರು ಅಂಕ.

ಇದನ್ನು ಒಂದೇ ಓಟದಲ್ಲಿ ಮುಗಿಸಬೇಕಾಗಿಲ್ಲ. ತಂಡಕ್ಕೆ ನಾಲ್ಕು ಅವಕಾಶ ಸಿಗುತ್ತವೆ. ಒಂದೊಂದಕ್ಕೂ ಡೌನ್ ಎಂದು ಹೆಸರು. ನಾಲ್ಕರೊಳಗೆ ಹತ್ತು ಗಜ ಮುಂದೆ ಹೋದರೆ ಮತ್ತೆ ಹೊಸ ನಾಲ್ಕು ಅವಕಾಶ ಕೈಗೆ ಬರುತ್ತವೆ, ಹೋಗದಿದ್ದರೆ ಚೆಂಡು ಎದುರಾಳಿಗೆ. ಚೆಂಡು ಹಿಡಿದವನು ನೆಲಕ್ಕೆ ಬಿದ್ದ ಅಥವಾ ಗೆರೆ ದಾಟಿ ಹೊರಗೆ ಹೋದ ಕೂಡಲೇ ಆ ಅವಕಾಶ ಮುಗಿಯಿತು. ಎಲ್ಲರೂ ಎದ್ದು ಮತ್ತೆ ಎದುರುಬದುರು ಸಾಲುಗಟ್ಟುತ್ತಾರೆ. ಆಟ ನಿಂತು ನಿಂತು ನಡೆಯುವುದು ಇದಕ್ಕೇ. ಕ್ರಿಕೆಟ್ ನೋಡಿ ಬೆಳೆದವರಿಗೆ ಇದು ವಿಚಿತ್ರ ಅನ್ನಿಸಬೇಕಾಗಿಲ್ಲ. ನಮ್ಮ ಆಟವೂ ಎಸೆತಕ್ಕೊಮ್ಮೆ ನಿಲ್ಲುತ್ತದೆ.

ಮುಂದೆ ಹೋಗುವ ದಾರಿ ಎರಡು. ತಂಡದ ಸೂತ್ರಧಾರ ಕ್ವಾರ್ಟರ್‌ಬ್ಯಾಕ್ ಚೆಂಡನ್ನು ಮುಂದಕ್ಕೆ ಎಸೆಯಬಹುದು, ದೂರದಲ್ಲಿ ಓಡುತ್ತಿರುವ ರಿಸೀವರ್ ಅದನ್ನು ಹಿಡಿಯುತ್ತಾನೆ. ಇಲ್ಲವೇ ಅವನು ಪಕ್ಕದಲ್ಲಿ ನಿಂತವನ ಹೊಟ್ಟೆಗೆ ಚೆಂಡನ್ನು ಒತ್ತಿ ಕೊಟ್ಟುಬಿಡಬಹುದು. ಹಾಗೆ ಕೊಡಿಸಿಕೊಂಡು ಗುಂಪಿನೊಳಗೆ ನುಗ್ಗುವವನೇ ರನ್ನಿಂಗ್ ಬ್ಯಾಕ್. ಅವನ ಒಂದೊಂದು ನುಗ್ಗಾಟಕ್ಕೆ ಒಂದು ಕ್ಯಾರಿ ಎಂದು ಲೆಕ್ಕ. ಸರಾಸರಿ ಒಂದು ಕ್ಯಾರಿಗೆ ನಾಲ್ಕು ಗಜದ ಆಸುಪಾಸು ದಕ್ಕಿದರೆ ಅವನು ಕೆಲಸ ಮಾಡುತ್ತಿದ್ದಾನೆ ಎಂದರ್ಥ.

ಮೂರು ಸೆಕೆಂಡಿನ ಕಸುಬು

ಕಬಡ್ಡಿಯ ರೈಡರ್‌ನನ್ನು ನೆನಪಿಸಿಕೊಳ್ಳಿ. ಒಬ್ಬನೇ ಏಳು ಜನರ ಅಂಗಳಕ್ಕೆ ಹೋಗುತ್ತಾನೆ, ಮುಟ್ಟಿ ಮಧ್ಯಗೆರೆಗೆ ವಾಪಸು ಬರುತ್ತಾನೆ. ರನ್ನಿಂಗ್ ಬ್ಯಾಕ್‌ಗೆ ವಾಪಸು ಬರುವ ದಾರಿಯೇ ಇಲ್ಲ. ಟಚ್‌ಡೌನ್ ಆಗಬೇಕು, ಗೆರೆಯ ಹೊರಗೆ ಓಡಬೇಕು, ಅದೆರಡೂ ಆಗದಿದ್ದರೆ ಕೆಳಗೆ ಬೀಳಬೇಕು. ಹತ್ತರಲ್ಲಿ ಎಂಟೊಂಬತ್ತು ಸಲ ಬೀಳುವುದೇ. ಪ್ರತಿ ರೈಡ್ ಕೂಡ ಹಿಡಿತದಲ್ಲೇ ಮುಗಿಯುವ ಕಬಡ್ಡಿ ಎಂದುಕೊಂಡರೆ ಹತ್ತಿರ ಬಂದಂತಾಯಿತು.

ಅವನ ಮುಂದೆ ತನ್ನದೇ ತಂಡದ ಐವರು ದೈತ್ಯರು ಸಾಲಾಗಿ ನಿಂತಿರುತ್ತಾರೆ, ತಲಾ ನೂರನಲವತ್ತು ಕಿಲೋ ತೂಗುವವರು. ಅವರು ಎದುರಾಳಿಗಳನ್ನು ತಳ್ಳಿ ಸಂದು ಮಾಡಿಕೊಡಬೇಕು. ಆ ಸಂದು ಯೋಜನೆಯಲ್ಲಿ ಇದ್ದ ಕಡೆಯೇ ಹುಟ್ಟಬೇಕೆಂದಿಲ್ಲ. ಹುಟ್ಟಿದರೂ ಅರ್ಧ ಸೆಕೆಂಡಿನಲ್ಲಿ ಮುಚ್ಚಿಕೊಳ್ಳುತ್ತದೆ. ಬೇಗ ಓಡಿದರೆ ಸಂದು ಇನ್ನೂ ತೆರೆದಿರುವುದಿಲ್ಲ, ತಡವಾದರೆ ಮುಚ್ಚಿರುತ್ತದೆ. ಹಾಗಾಗಿ ಬರೀ ವೇಗ ಇದ್ದವರು ಇಲ್ಲಿ ಬಾಳುವುದಿಲ್ಲ. ಎಮ್ಮಿಟ್ ಸ್ಮಿತ್ ಅಂಥ ಮಿಂಚಿನ ಓಟಗಾರರೇನೂ ಆಗಿರಲಿಲ್ಲ. ಎತ್ತರ ಐದು ಅಡಿ ಒಂಬತ್ತು ಇಂಚು, ನಮ್ಮ ಬೀದಿಯಲ್ಲಿ ನಡೆದು ಹೋದರೆ ತಿರುಗಿ ನೋಡುವಷ್ಟೂ ಅಲ್ಲ. ಆದರೆ ಕಾಯುವುದು ಗೊತ್ತಿತ್ತು. ಒಂದು ಕಾಲು ಊರಿ, ಇನ್ನೊಂದನ್ನು ಎತ್ತುವ ಮೊದಲು ಕ್ಷಣ ತಡೆದು, ಬಾಗಿಲು ತೆರೆದ ಕೂಡಲೇ ಹೆಗಲು ತಗ್ಗಿಸಿ ನುಗ್ಗುತ್ತಿದ್ದರು.

ಅವನ ಕೆಲಸದಲ್ಲಿ ಟಿವಿಯಲ್ಲಿ ಕಾಣದ ಭಾಗವೂ ಇದೆ. ಕ್ವಾರ್ಟರ್‌ಬ್ಯಾಕ್ ಎಸೆಯಲು ನಿಂತಾಗ ಅವನನ್ನು ಕೆಡವಲು ಓಡಿಬರುವವನಿಗೆ ರನ್ನಿಂಗ್ ಬ್ಯಾಕ್ ಎದೆ ಕೊಟ್ಟು ನಿಲ್ಲಬೇಕು. ತನಗಿಂತ ಇಪ್ಪತ್ತು ಕಿಲೋ ಹೆಚ್ಚು ತೂಗುವವನು ಓಡುತ್ತಾ ಬರುತ್ತಾನೆ, ಇವನು ನಿಂತಲ್ಲೇ ತಡೆಯಬೇಕು. ಇದಕ್ಕೆ ಅಂಕವಿಲ್ಲ, ಗಜವಿಲ್ಲ, ಮಾರನೆಯ ದಿನದ ಪತ್ರಿಕೆಯಲ್ಲಿ ಸಾಲೂ ಇಲ್ಲ. ಆದರೂ ಕಾಲೇಜಿನಲ್ಲಿ ಮೆರೆದು ಬಂದ ಎಷ್ಟೋ ಹುಡುಗರು ಮೊದಲ ವರ್ಷ ಬೆಂಚಿನಲ್ಲಿ ಕೂರುವುದು ಈ ವಿದ್ಯೆ ಬಾರದ್ದಕ್ಕೆ. ಇನ್ನು ಚೆಂಡು ಕೈಜಾರಿಸುವುದು, ಅಂದರೆ ಫಂಬಲ್, ಮಾಡಬಾರದ ಪಾಪ. ನೂರು ಗಜ ಓಡಿದ್ದನ್ನು ಒಂದು ಫಂಬಲ್ ಮರೆಸುತ್ತದೆ.

ಬಾಗಿಲು ದಾಟುವವರೆಗೆ

ಎನ್‌ಎಫ್‌ಎಲ್‌ನಲ್ಲಿ 32 ತಂಡಗಳಿವೆ, ತಂಡಕ್ಕೆ 53 ಆಟಗಾರರು. ಅದರಲ್ಲಿ ರನ್ನಿಂಗ್ ಬ್ಯಾಕ್‌ಗಳು ಸಾಮಾನ್ಯವಾಗಿ ಮೂರೋ ನಾಲ್ಕೋ ಜನ. ಇಡೀ ದೇಶದಲ್ಲಿ ಈ ಉದ್ಯೋಗ ಇರುವುದು ನೂರು ಚಿಲ್ಲರೆ ಮಂದಿಗೆ.

ಶಾಲೆ, ಆಮೇಲೆ ಕಾಲೇಜು, ಅಲ್ಲಿಂದ ಡ್ರಾಫ್ಟ್. ಡ್ರಾಫ್ಟ್ ಎಂದರೆ ವರ್ಷಕ್ಕೊಮ್ಮೆ ತಂಡಗಳು ಸರದಿಯಂತೆ ಕಾಲೇಜಿನ ಆಟಗಾರರನ್ನು ಆರಿಸಿಕೊಳ್ಳುವ ಪದ್ಧತಿ. ಐಪಿಎಲ್ ಹರಾಜಿಗೂ ಇದಕ್ಕೂ ಇರುವ ವ್ಯತ್ಯಾಸ ತಿಳಿದಿರಬೇಕು. ಇಲ್ಲಿ ಬೆಲೆ ಕೂಗುವುದಿಲ್ಲ. ಹಿಂದಿನ ವರ್ಷ ಕೊನೆಯಲ್ಲಿದ್ದ ತಂಡಕ್ಕೆ ಮೊದಲ ಆಯ್ಕೆ, ಗೆದ್ದವರಿಗೆ ಕೊನೆಯ ಆಯ್ಕೆ. ಹೀಗೆ ಏಳು ಸುತ್ತು. ಎಷ್ಟನೆಯವನಾಗಿ ಆರಿಸಲ್ಪಟ್ಟೆ ಎಂಬುದರ ಮೇಲೆ ಸಂಬಳ ಹೆಚ್ಚುಕಡಿಮೆ ಮೊದಲೇ ನಿಗದಿ. ಪ್ರೌಢಶಾಲೆ ಮುಗಿಸಿ ಮೂರು ವರ್ಷವಾಗದೆ ಯಾರೂ ಡ್ರಾಫ್ಟ್‌ಗೆ ಬರುವಂತಿಲ್ಲ. ಹಾಗಾಗಿ ಒಳಗೆ ಬರುವಾಗ ಹುಡುಗನಿಗೆ ಇಪ್ಪತ್ತೊಂದು, ಇಪ್ಪತ್ತೆರಡು. ಈ ವಯಸ್ಸನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಆಯ್ಕೆಯ ಕ್ರಮಾಂಕ ಭವಿಷ್ಯ ಹೇಳುತ್ತದೆಯೆ? ಕೆಲವೊಮ್ಮೆ ಮಾತ್ರ. ಸ್ಮಿತ್ 1990ರಲ್ಲಿ ಹದಿನೇಳನೆಯವರಾಗಿ ಡಲ್ಲಾಸ್ ಕೌಬಾಯ್ಸ್‌ಗೆ ಬಂದರು. ಟೆರೆಲ್ ಡೇವಿಸ್ 1995ರಲ್ಲಿ ಆರನೆಯ ಸುತ್ತಿನವರೆಗೆ ಕಾದರು, 196ನೆಯ ಆಯ್ಕೆ. ಏರಿಯನ್ ಫಾಸ್ಟರ್ ಅವರನ್ನು 2009ರಲ್ಲಿ ಯಾರೂ ಆರಿಸಲೇ ಇಲ್ಲ, ಮರುವರ್ಷ ಲೀಗಿನಲ್ಲೇ ಅತಿ ಹೆಚ್ಚು ಗಜ ಓಡಿದವರು ಅವರೇ. ರನ್ನಿಂಗ್ ಬ್ಯಾಕ್ ಎಲ್ಲಿಂದ ಬೇಕಾದರೂ ಸಿಗುತ್ತಾನೆ ಎಂಬ ಮಾತು ಹುಟ್ಟಿದ್ದು ಇಂಥ ಕಥೆಗಳಿಂದ. ಅವು ಆ ಹುಡುಗರಿಗೆ ವರವಾದವು. ಅವರ ಇಡೀ ಕಸುಬಿಗೆ ಹೇಗೆ ಶಾಪವಾದವು ಎಂಬುದನ್ನು ಸ್ವಲ್ಪ ಹೊತ್ತಿನಲ್ಲಿ ನೋಡೋಣ.

ಒಂದು ಭಾನುವಾರ

1994ರ ಜನವರಿ 2. ನ್ಯೂಜೆರ್ಸಿಯ ಜೈಂಟ್ಸ್ ಸ್ಟೇಡಿಯಂ. ಕೌಬಾಯ್ಸ್ ಮತ್ತು ನ್ಯೂಯಾರ್ಕ್ ಜೈಂಟ್ಸ್ ನಡುವೆ ಲೀಗ್ ಹಂತದ ಕೊನೆಯ ಪಂದ್ಯ, ಗೆದ್ದವರಿಗೆ ವಿಭಾಗದ ಪಟ್ಟ. ಮೊದಲಾರ್ಧದ ಕೊನೆಯ ಹೊತ್ತಿಗೆ ಸ್ಮಿತ್ ನಲವತ್ತಾರು ಗಜ ಓಡಿ ಬಿದ್ದರು. ಬಿದ್ದಿದ್ದು ಬಲ ಹೆಗಲಿನ ಮೇಲೆ. ಕೀಲು ಸರಿದಿತ್ತು.

ಹೆಗಲಿನ ಕೀಲು ಸರಿದವನಿಗೆ ನೀರಿನ ಲೋಟ ಎತ್ತುವುದೂ ಕಷ್ಟ. ಸ್ಮಿತ್ ವಿರಾಮದ ನಂತರ ಹೆಗಲಿಗೆ ಹೆಚ್ಚುವರಿ ಮೆತ್ತೆ ಕಟ್ಟಿಸಿಕೊಂಡು ಮೈದಾನಕ್ಕೆ ಮರಳಿದರು. ಚೆಂಡನ್ನು ಎಡಗೈಯಲ್ಲಿ ಅವುಚಿಕೊಂಡು ಓಡುವುದು, ಬೀಳುವುದು, ಜೊತೆಯವರು ಎಬ್ಬಿಸಿ ನಿಲ್ಲಿಸುವುದು, ಮತ್ತೆ ಓಡುವುದು. ಜೈಂಟ್ಸ್ 13 ಅಂಕ ಗಳಿಸಿ ಸಮ ಮಾಡಿಕೊಂಡರು, ಆಟ ಹೆಚ್ಚುವರಿ ಅವಧಿಗೆ ಹೋಯಿತು. ಗೆಲುವಿನ ಆ ಕೊನೆಯ ದಾಳಿಯಲ್ಲೂ ಚೆಂಡು ಮತ್ತೆ ಮತ್ತೆ ಹೋದದ್ದು ಅವರ ಕೈಗೇ. ಕೌಬಾಯ್ಸ್ 16-13ರಿಂದ ಗೆದ್ದರು. ಅಂದು ಸ್ಮಿತ್ ಓಡಿದ್ದು 32 ಸಲ, 168 ಗಜ. ಪಾಸ್, ಅಂದರೆ ಎಸೆದ ಚೆಂಡು, ಹಿಡಿದದ್ದು ಇನ್ನೂ ಹತ್ತು. ಒಟ್ಟು ನಲವತ್ತೆರಡು ಸಲ ಚೆಂಡು ಅವರ ಕೈಗೆ ಬಂದಿತ್ತು. ನಾಲ್ಕು ವಾರಗಳ ನಂತರ ಅದೇ ತಂಡ ಲೀಗಿನ ಫೈನಲ್ ಆದ ಸೂಪರ್ ಬೌಲ್ ಗೆದ್ದಿತು, ಪಂದ್ಯಶ್ರೇಷ್ಠರೂ ಅವರೇ.

ಈ ಪಂದ್ಯವನ್ನು ಅಮೆರಿಕದವರು ಇಂದಿಗೂ ವೀರಗಾಥೆಯಂತೆ ಹೇಳುತ್ತಾರೆ. ಹೇಳಲಿ, ತಪ್ಪಿಲ್ಲ. ಆದರೆ ಇದೇ ಋತುವಿನ ಶುರುವಿನಲ್ಲಿ ಇನ್ನೊಂದು ಸಂಗತಿ ನಡೆದಿತ್ತು. ಸಂಬಳ ಏರಿಸದೆ ಆಡುವುದಿಲ್ಲ ಎಂದು ಸ್ಮಿತ್ ಮನೆಯಲ್ಲೇ ಕೂತಿದ್ದರು. ಅವರಿಲ್ಲದೆ ತಂಡ ಮೊದಲ ಎರಡೂ ಪಂದ್ಯ ಸೋತಿತು. ಆಮೇಲೆ ಮಾಲೀಕರು ನಾಲ್ಕು ವರ್ಷಕ್ಕೆ 1.36 ಕೋಟಿ ಡಾಲರ್‌ಗೆ ಒಪ್ಪಿದರು. ಹೆಗಲು ಸರಿದ ಭಾನುವಾರ, ಕೈಕಟ್ಟಿ ಕೂತ ಎರಡು ವಾರ, ಎರಡೂ ಒಂದೇ ವೃತ್ತಿಯ ಮುಖಗಳು. ಮೈ ಎಷ್ಟು ದಿನ ಬರುತ್ತದೆಂದು ಗೊತ್ತಿಲ್ಲದವನು ಬೆಲೆ ಇದ್ದಾಗಲೇ ಕೇಳಬೇಕು.

ಹಲ್ಲು ಹಿಡಿದು ನೋಡುವವರು

ಜಾತ್ರೆಯಲ್ಲಿ ಎತ್ತು ಕೊಳ್ಳುವ ರೈತ ಮಾರುವವನ ಮಾತು ನಂಬದೆ ತಾನೇ ಬಾಯಿ ಬಿಡಿಸಿ ಹಲ್ಲು ಎಣಿಸುತ್ತಾನೆ. ಎನ್‌ಎಫ್‌ಎಲ್ ತಂಡಗಳು ರನ್ನಿಂಗ್ ಬ್ಯಾಕ್‌ನ ಹಲ್ಲನ್ನು ಎಣಿಸುವುದು ಕ್ಯಾರಿಗಳ ಲೆಕ್ಕದಲ್ಲಿ. ಇವನು ಕಾಲೇಜಿನಲ್ಲಿ ಎಷ್ಟು ಸಲ ಓಡಿದ್ದಾನೆ, ಇಲ್ಲಿಗೆ ಬಂದ ಮೇಲೆ ಎಷ್ಟು ಸಲ? ವೇಗದ ಬೌಲರ್ ಎಷ್ಟು ಓವರ್ ಹಾಕಿದ್ದಾನೆಂದು ಕ್ರಿಕೆಟ್ ಮಂಡಳಿ ಲೆಕ್ಕ ಇಡುವಂತೆಯೇ.

ಕಾರಣ ಸರಳ. ಕ್ವಾರ್ಟರ್‌ಬ್ಯಾಕ್‌ನನ್ನು ಮುಟ್ಟುವ ಬಗೆಗೆ ಕಟ್ಟುನಿಟ್ಟಿನ ನಿಯಮಗಳಿವೆ. ಟಾಮ್ ಬ್ರೇಡಿ 45ರವರೆಗೆ ಆಡಿದರು. ಚೆಂಡನ್ನು ಒದೆಯುವ ಕಿಕ್ಕರ್ ಆಡಮ್ ವಿನಾಟಿಯೇರಿ 46ರಲ್ಲೂ ಕಣದಲ್ಲಿದ್ದರು. ರನ್ನಿಂಗ್ ಬ್ಯಾಕ್‌ಗೆ ಹೊಡೆತ ಬೀಳುವುದು ಆಟದ ಅಪಘಾತದಿಂದಲ್ಲ, ಆಟ ನಡೆಯುವ ಕ್ರಮವೇ ಅದು. ಒಂದೇ ಕ್ಯಾರಿಯಲ್ಲಿ ಒಬ್ಬ ಕಾಲಿಗೆ, ಒಬ್ಬ ಸೊಂಟಕ್ಕೆ, ಹಿಂದಿನಿಂದ ಇನ್ನೊಬ್ಬ ಬೆನ್ನಿಗೆ ಬೀಳಬಹುದು.

ಎಲ್ಲಕ್ಕಿಂತ ಭಯ ಮೊಣಕಾಲಿನದು. ತೊಡೆಮೂಳೆಯನ್ನೂ ಕಣಕಾಲಿನ ಮೂಳೆಯನ್ನೂ ಮೊಣಕಾಲಿನೊಳಗೆ ಹಗ್ಗದಂತೆ ಕಟ್ಟಿ ಹಿಡಿದಿರುವ ಅಸ್ಥಿರಜ್ಜುಗಳಲ್ಲಿ ಒಂದರ ಹೆಸರು ಎಸಿಎಲ್. ಕಾಲು ತಿರುಚಿಕೊಳ್ಳದಂತೆ ಕಾಯುವುದು ಅದರ ಕೆಲಸ. ರನ್ನಿಂಗ್ ಬ್ಯಾಕ್‌ನ ಕಲೆಯಾದರೋ ಪೂರ್ಣ ವೇಗದಲ್ಲಿ ಪಾದ ಊರಿ ಮೈಯನ್ನು ತಟ್ಟನೆ ಇನ್ನೊಂದು ಕಡೆಗೆ ತಿರುಗಿಸುವುದು. ಷೂ ಮೊಳೆಗಳು ಹುಲ್ಲಿಗೆ ಕಚ್ಚಿಕೊಂಡಿರುತ್ತವೆ, ಮೈ ತಿರುಗುತ್ತದೆ, ಅದೇ ಗಳಿಗೆಯಲ್ಲಿ ಯಾರೋ ಮೇಲೆ ಬೀಳುತ್ತಾರೆ. ಹರಿದ ಎಸಿಎಲ್ ಶಸ್ತ್ರಚಿಕಿತ್ಸೆಯಿಂದ ಸರಿಹೋಗುತ್ತದೆ, ಆದರೆ ಮೈದಾನಕ್ಕೆ ಮರಳಲು ಒಂಬತ್ತು ತಿಂಗಳಿಂದ ವರ್ಷ ಬೇಕು. ಏಡ್ರಿಯನ್ ಪೀಟರ್ಸನ್ 2011ರ ಕ್ರಿಸ್‌ಮಸ್ ಹಿಂದಿನ ದಿನ ಮೊಣಕಾಲು ಹರಿದುಕೊಂಡು, ಮುಂದಿನ ಋತುವಿನಲ್ಲಿ 2,097 ಗಜ ಓಡಿದರು. ಒಂದೇ ಋತುವಿನ ದಾಖಲೆ ಎರಿಕ್ ಡಿಕರ್ಸನ್ 1984ರಲ್ಲಿ ಮಾಡಿದ 2,105. ಪೀಟರ್ಸನ್ ಇನ್ನೊಂಬತ್ತು ಗಜ ಓಡಿದ್ದರೆ ಅದು ಮುರಿದೇ ಹೋಗುತ್ತಿತ್ತು. ಇದು ಅಪವಾದ. ಅಪವಾದವೆಂದೇ ಎಲ್ಲರಿಗೂ ನೆನಪಿರುವುದು.

ಟೆರೆಲ್ ಡೇವಿಸ್ ಕಥೆ ಹೆಚ್ಚು ಸಾಮಾನ್ಯವಾದದ್ದು. 1997ರ ಋತುವಿನಲ್ಲಿ ನಾಕೌಟ್ ಪಂದ್ಯಗಳೂ ಸೇರಿ ಡೆನ್ವರ್ ಬ್ರಾಂಕೋಸ್ ಅವರ ಕೈಗೆ 481 ಸಲ ಚೆಂಡು ಕೊಟ್ಟಿತು. ಮರುವರ್ಷ 2,008 ಗಜ ಓಡಿದರು. ತಂಡ ಎರಡು ವರ್ಷವೂ ಸೂಪರ್ ಬೌಲ್ ಗೆದ್ದಿತು. 1999ರ ನಾಲ್ಕನೆಯ ಪಂದ್ಯದಲ್ಲಿ ಎದುರಾಳಿ ಕಸಿದುಕೊಂಡ ಚೆಂಡನ್ನು ತಡೆಯಲು ಹೋಗಿ ಮೊಣಕಾಲು ಹರಿಯಿತು. ಆಗ ಅವರಿಗೆ ಇನ್ನೂ 27 ತುಂಬಿರಲಿಲ್ಲ. ಆಮೇಲೆ ಹಳೆಯ ಡೇವಿಸ್ ಮರಳಲಿಲ್ಲ. ಲೀಗ್ ಹಂತದಲ್ಲಿ ಒಟ್ಟು 78 ಪಂದ್ಯ ಆಡಿ ಮುಗಿಸಿದರು.

ಹಾಗಾದರೆ ಸರಾಸರಿ ಆಯುಷ್ಯ ಎಷ್ಟು? ಆಟಗಾರರ ಸಂಘದ ಹೆಸರಿನಲ್ಲಿ ಚಾಲ್ತಿಯಲ್ಲಿರುವ ಲೆಕ್ಕ ಸುಮಾರು ಎರಡೂವರೆ ವರ್ಷ ಎನ್ನುತ್ತದೆ. ಲೀಗ್ ಒಪ್ಪುವುದಿಲ್ಲ. ಮೊದಲ ವರ್ಷವೇ ತಂಡದ ಅಂತಿಮ ಪಟ್ಟಿಯಲ್ಲಿ ಜಾಗ ಪಡೆದ ಆಟಗಾರರನ್ನಷ್ಟೇ ಎಣಿಸಿದರೆ ಸರಾಸರಿ ಆರು ವರ್ಷ ಎಂಬುದು ಅದರ ವಾದ. ಅದು ಎಲ್ಲ ಸ್ಥಾನದವರನ್ನೂ ಸೇರಿಸಿದ ಲೆಕ್ಕ ಬೇರೆ. ಯಾರನ್ನು ಎಣಿಸುತ್ತೀರಿ ಎಂಬುದರ ಮೇಲೆ ಉತ್ತರ ಬದಲಾಗುತ್ತದೆ. ಮೂರು ವಾರ ಬಂದು ಹೋದ ಹುಡುಗನನ್ನೂ ಸ್ಮಿತ್ ಅವರನ್ನೂ ಒಂದೇ ತಕ್ಕಡಿಗೆ ಹಾಕಿದರೆ ಸರಾಸರಿ ಕುಸಿಯಲೇಬೇಕು.

ಎರಡು ಗಡಿಯಾರ

ಈಗ ಆ ಇಪ್ಪತ್ತೊಂದರ ವಯಸ್ಸಿಗೆ ಬರೋಣ. 2011ರಿಂದ ಜಾರಿಯಲ್ಲಿರುವ ನಿಯಮದಂತೆ ಡ್ರಾಫ್ಟ್‌ನಲ್ಲಿ ಬಂದವನ ಮೊದಲ ಒಪ್ಪಂದ ನಾಲ್ಕು ವರ್ಷದ್ದು. ಮೂರು ಋತು ಮುಗಿಯುವವರೆಗೆ ಸಂಬಳದ ಮಾತನ್ನು ಮತ್ತೆ ಎತ್ತುವಂತಿಲ್ಲ. ಮೊದಲ ಸುತ್ತಿನಲ್ಲಿ ಆಯ್ಕೆಯಾದವನಾದರೆ ತಂಡ ತನಗಿಷ್ಟವಿದ್ದರೆ ಐದನೆಯ ವರ್ಷಕ್ಕೂ ಉಳಿಸಿಕೊಳ್ಳಬಹುದು. ಐದೂ ಮುಗಿಯಿತು, ಇನ್ನು ಸ್ವತಂತ್ರ ಎನ್ನುವಾಗ ತಂಡದ ಬತ್ತಳಿಕೆಯಲ್ಲಿ ಇನ್ನೊಂದು ಬಾಣವಿದೆ, ಫ್ರಾಂಚೈಸ್ ಟ್ಯಾಗ್. ವರ್ಷಕ್ಕೆ ಒಬ್ಬ ಆಟಗಾರನ ಮೇಲೆ ಈ ಮುದ್ರೆ ಒತ್ತಿ, ನಿಗದಿತ ಸಂಬಳಕ್ಕೆ ಇನ್ನೊಂದು ವರ್ಷ ಹಿಡಿದಿಟ್ಟುಕೊಳ್ಳಬಹುದು. ಆ ಸಂಬಳ ಅದೇ ಸ್ಥಾನದ ಅತಿ ದುಬಾರಿ ಆಟಗಾರರ ಸರಾಸರಿಯ ಲೆಕ್ಕದ್ದು.

ಕೂಡಿಸಿ ನೋಡಿ. ಇಪ್ಪತ್ತೊಂದಕ್ಕೆ ನಾಲ್ಕು, ಮೇಲೊಂದು, ಮತ್ತೊಂದು. ಮುಕ್ತ ಮಾರುಕಟ್ಟೆಗೆ ಬರುವಾಗ ಇಪ್ಪತ್ತೇಳು. ಅಷ್ಟರಲ್ಲಿ ಜಾತ್ರೆಯ ರೈತ ಬಾಯಿ ಬಿಡಿಸಿ ನೋಡಿ ತಲೆ ಅಲ್ಲಾಡಿಸುತ್ತಾನೆ. ಕ್ವಾರ್ಟರ್‌ಬ್ಯಾಕ್‌ಗೆ ಇಪ್ಪತ್ತೇಳು ಎಂದರೆ ಬೆಳಗ್ಗೆ ಹತ್ತು ಗಂಟೆ. ರನ್ನಿಂಗ್ ಬ್ಯಾಕ್‌ಗೆ ಅದು ಸಂಜೆಯ ಹೊತ್ತು. ನಿಯಮ ಎಲ್ಲರಿಗೂ ಒಂದೇ, ಮೈಗಳು ಒಂದೇ ಅಲ್ಲ.

ಇದರ ವಿರುದ್ಧ ಸಿಡಿದವರಿದ್ದಾರೆ. ಪಿಟ್ಸ್‌ಬರ್ಗ್‌ನ ಲೆವಿಯಾನ್ ಬೆಲ್ 2018ರಲ್ಲಿ ಸುಮಾರು 1.45 ಕೋಟಿ ಡಾಲರ್‌ನ ಟ್ಯಾಗ್ ಸಂಬಳವನ್ನು ತಳ್ಳಿಹಾಕಿ ಇಡೀ ವರ್ಷ ಆಡದೆ ಕೂತರು. ಮರುವರ್ಷ ನ್ಯೂಯಾರ್ಕ್ ಜೆಟ್ಸ್ ದೊಡ್ಡ ಒಪ್ಪಂದ ಕೊಟ್ಟಿತು, ಆದರೆ ಹಳೆಯ ಬೆಲ್ ಅಲ್ಲಿ ಕಾಣಿಸಲಿಲ್ಲ. ತಂಡಗಳು ಬೆಚ್ಚಿಬೀಳಲೂ ಕಾರಣವಿದೆ. ಲಾಸ್ ಏಂಜಲೀಸ್ ರಾಮ್ಸ್ 2018ರ ಬೇಸಿಗೆಯಲ್ಲಿ ಟಾಡ್ ಗರ್ಲಿ ಅವರಿಗೆ ನಾಲ್ಕು ವರ್ಷದ ಭಾರೀ ವಿಸ್ತರಣೆ ಕೊಟ್ಟಿತು, ಅದರಲ್ಲಿ 4.5 ಕೋಟಿ ಡಾಲರ್ ಖಾತರಿ. ಆ ಋತುವಿನ ಕೊನೆಗೆ ಮೊಣಕಾಲು ಕೈಕೊಟ್ಟಿತು. 2020ರ ಮಾರ್ಚ್‌ನಲ್ಲಿ, ವಿಸ್ತರಣೆಯ ವರ್ಷಗಳು ಶುರುವಾಗುವ ಮೊದಲೇ, ತಂಡ ಅವರನ್ನು ಕೈಬಿಟ್ಟಿತು. ಅಟ್ಲಾಂಟಾದಲ್ಲಿ ಒಂದು ವರ್ಷ ಆಡಿ ಗರ್ಲಿ ಮುಗಿಸಿದಾಗ ವಯಸ್ಸು 26.

ಇಲ್ಲಿ 'ಖಾತರಿ' ಎಂಬ ಪದವನ್ನು ಬಿಡಿಸಿ ಹೇಳಬೇಕು. ಪತ್ರಿಕೆಯಲ್ಲಿ ಬರುವ ದೊಡ್ಡ ಮೊತ್ತ ಪೂರ್ತಿ ಕೈಗೆ ಬರುವಂಥದ್ದಲ್ಲ. ತಂಡ ಮಧ್ಯದಲ್ಲಿ ಕೈಬಿಟ್ಟರೆ ಉಳಿದ ವರ್ಷಗಳ ಸಂಬಳ ಹೋಯಿತು. ಖಾತರಿಯೆಂದು ಬರೆದುಕೊಟ್ಟ ಭಾಗವಷ್ಟೇ ಗಟ್ಟಿ. ಎನ್‌ಎಫ್‌ಎಲ್ ಒಪ್ಪಂದದ ಸುದ್ದಿ ಓದುವಾಗ ಕಣ್ಣು ಹೋಗಬೇಕಾದದ್ದು ಆ ಅಂಕಿಗೆ.

ಬೆಲೆ ಏಕೆ ಇಳಿಯಿತು

ಒಂದು ಕಾಲಕ್ಕೆ ಈ ಆಟವೆಂದರೆ ಓಟವೇ. 1978ರಲ್ಲಿ ನಿಯಮಗಳು ಬದಲಾದವು. ರಿಸೀವರ್‌ನನ್ನು ಐದು ಗಜದಾಚೆ ಅಡ್ಡಗಟ್ಟಿ ತಳ್ಳುವಂತಿಲ್ಲ, ಕ್ವಾರ್ಟರ್‌ಬ್ಯಾಕ್‌ನ ಕಾವಲುಗಾರರು ಕೈ ಚಾಚಿ ತಡೆಯಬಹುದು. ಎಸೆತ ಸುಲಭವಾಯಿತು. ಒಂದು ಎಸೆತಕ್ಕೆ ಸರಾಸರಿ ಏಳು ಗಜ ಬರುವಾಗ ನಾಲ್ಕು ಗಜದ ಓಟಕ್ಕೆ ಏಕೆ ಅಷ್ಟು ಹಣ ಎಂದು ಲೆಕ್ಕ ಬಲ್ಲವರು ಕೇಳತೊಡಗಿದರು.

ಎರಡನೆಯದು ಡೆನ್ವರ್ ಕಲಿಸಿದ ಪಾಠ. ಡೇವಿಸ್ ಮೊಣಕಾಲು ಹರಿದುಕೊಂಡ 1999ರಲ್ಲಿ ಅವರ ಜಾಗಕ್ಕೆ ಬಂದ ಓಲಾಂಡಿಸ್ ಗ್ಯಾರಿ ಎಂಬ ಹೊಸಬ 1,159 ಗಜ ಓಡಿದರು. ಮರುವರ್ಷ ಆರನೆಯ ಸುತ್ತಿನಲ್ಲಿ ಬಂದ ಮೈಕ್ ಆಂಡರ್ಸನ್ 1,487 ಗಜ. ಹಾಗಾದರೆ ಓಡಿದ್ದು ಡೇವಿಸ್ ಅವರೋ, ಸಂದು ಮಾಡಿಕೊಟ್ಟ ಆ ಐವರೋ? ಈ ಪ್ರಶ್ನೆ ಪೂರ್ತಿ ನ್ಯಾಯದ್ದಲ್ಲ, ಗ್ಯಾರಿಯೂ ಆಂಡರ್ಸನ್ನರೂ ಡೇವಿಸ್ ಆಗಲಿಲ್ಲ. ಆದರೆ ಮಾಲೀಕರಿಗೆ ಉತ್ತರ ಬೇಕಿರಲಿಲ್ಲ, ಪ್ರಶ್ನೆ ಸಾಕಾಗಿತ್ತು. ಒಬ್ಬನ ಮೇಲೆ ಭಾರ ಹೇರುವ ಬದಲು ಇಬ್ಬರು ಮೂವರಿಗೆ ಹಂಚಿ ಓಡಿಸುವ ಪದ್ಧತಿ ಬಂತು. 2013 ಮತ್ತು 2014ರ ಡ್ರಾಫ್ಟ್‌ಗಳಲ್ಲಿ ಮೊದಲ ಸುತ್ತಿನಲ್ಲಿ ಒಬ್ಬ ರನ್ನಿಂಗ್ ಬ್ಯಾಕ್ ಕೂಡ ಆಯ್ಕೆಯಾಗಲಿಲ್ಲ.

ಮೂರನೆಯದು ವೇತನ ಮಿತಿ. 1994ರಿಂದ ಪ್ರತಿ ತಂಡ ಸಂಬಳಕ್ಕೆ ಖರ್ಚು ಮಾಡುವ ಒಟ್ಟು ಹಣಕ್ಕೆ ಗರಿಷ್ಠ ಮಿತಿ ಇದೆ. 2025ರಲ್ಲಿ ಅದು 27.92 ಕೋಟಿ ಡಾಲರ್. ತಟ್ಟೆ ಒಂದೇ, ಉಣ್ಣುವವರು 53. ಡಲ್ಲಾಸ್‌ನ ಕ್ವಾರ್ಟರ್‌ಬ್ಯಾಕ್ ಡ್ಯಾಕ್ ಪ್ರೆಸ್ಕಾಟ್ ವರ್ಷಕ್ಕೆ ಸರಾಸರಿ 6 ಕೋಟಿ ಡಾಲರ್‌ನ ಒಪ್ಪಂದ ಮಾಡಿಕೊಂಡ ಮೇಲೆ ಉಳಿದವರಿಗೆ ಬಡಿಸುವಾಗ ಕೈ ಹಿಡಿಯಲೇಬೇಕು.

ಬಾರ್ಕ್ಲಿ ಉರುಳಿಸಿದ ದಾಳ

ಇದುವರೆಗೆ ಹೇಳಿದ್ದೆಲ್ಲ ಒಬ್ಬನ ಬದುಕಿನಲ್ಲೇ ನಡೆದದ್ದಿದೆ. ಸೇಕ್ವಾನ್ ಬಾರ್ಕ್ಲಿ 2018ರ ಡ್ರಾಫ್ಟ್‌ನಲ್ಲಿ ಎರಡನೆಯ ಆಯ್ಕೆಯಾಗಿ ಜೈಂಟ್ಸ್ ಸೇರಿದರು. 2020ರ ಎರಡನೆಯ ಪಂದ್ಯದಲ್ಲಿ ಎಸಿಎಲ್ ಹರಿಯಿತು. ಚೇತರಿಸಿಕೊಂಡು 2022ರಲ್ಲಿ, ಅಂದರೆ ಐದನೆಯ ವರ್ಷದಲ್ಲಿ, 1,312 ಗಜ ಓಡಿದರು. ಬಹುಮಾನವಾಗಿ ಸಿಕ್ಕಿದ್ದು 2023ರ ಫ್ರಾಂಚೈಸ್ ಟ್ಯಾಗ್. ಆ ವರ್ಷ ರನ್ನಿಂಗ್ ಬ್ಯಾಕ್‌ಗಳ ಟ್ಯಾಗ್ ಸಂಬಳ 1.009 ಕೋಟಿ ಡಾಲರ್. ಅದೇ ಬೇಸಿಗೆಯಲ್ಲಿ ಲೀಗಿನ ಹೆಸರಾಂತ ರನ್ನಿಂಗ್ ಬ್ಯಾಕ್‌ಗಳು ಆನ್‌ಲೈನ್ ಸಭೆ ಸೇರಿ ತಮ್ಮ ಕಷ್ಟ ಹೇಳಿಕೊಂಡದ್ದು ಸುದ್ದಿಯಾಯಿತು. ಮಾತಾಯಿತು, ನಿಯಮ ಬದಲಾಗಲಿಲ್ಲ.

2024ರಲ್ಲಿ ಬಾರ್ಕ್ಲಿ ಸ್ವತಂತ್ರರಾದಾಗ ವಯಸ್ಸು ಸರಿಯಾಗಿ 27. ಜೈಂಟ್ಸ್ ಹಿಡಿದುಕೊಳ್ಳಲಿಲ್ಲ. ಬದ್ಧ ಎದುರಾಳಿ ಫಿಲಡೆಲ್ಫಿಯಾ ಈಗಲ್ಸ್ ಮೂರು ವರ್ಷಕ್ಕೆ 3.775 ಕೋಟಿ ಡಾಲರ್ ಕೊಟ್ಟು ಕರೆದುಕೊಂಡಿತು. ಅಲ್ಲಿದ್ದದ್ದು ಲೀಗಿನ ಅತ್ಯುತ್ತಮ ಎನ್ನಬಹುದಾದ ಆ ಐವರ ಸಾಲು. ನವೆಂಬರ್‌ನಲ್ಲಿ ಜ್ಯಾಕ್ಸನ್‌ವಿಲ್ ವಿರುದ್ಧ ಪಾಸ್ ಹಿಡಿದು ಓಡುವಾಗ ಬಾರ್ಕ್ಲಿ ಒಬ್ಬನನ್ನು ತಪ್ಪಿಸಲು ಗಿರ್ರನೆ ತಿರುಗಿದರು, ಇನ್ನೂ ಬೆನ್ನು ಮುಂದಾಗಿದ್ದಾಗಲೇ ಮತ್ತೊಬ್ಬ ಬಂದ, ನೋಡದೆ ಹಿಮ್ಮುಖವಾಗಿಯೇ ಹಾರಿ ಅವನ ತಲೆಯ ಮೇಲಿಂದ ದಾಟಿದರು. ಲೆಕ್ಕದ ಪುಸ್ತಕದಲ್ಲಿ ಅದೂ ಹಿಡಿದ ಒಂದು ಮಾಮೂಲಿ ಪಾಸ್. ನೋಡಿದವರಿಗೆ ಗೊತ್ತು, ಇದನ್ನು ಐವರು ದೈತ್ಯರು ಮಾಡಿಕೊಡಲಾರರು.

ಆ ಋತುವಿನಲ್ಲಿ ಅವರು 345 ಕ್ಯಾರಿಗಳಲ್ಲಿ 2,005 ಗಜ ಓಡಿದರು. 2025ರ ಫೆಬ್ರುವರಿ 9ರಂದು, ತಮ್ಮ ಇಪ್ಪತ್ತೆಂಟನೆಯ ಹುಟ್ಟುಹಬ್ಬದ ದಿನ, ಸೂಪರ್ ಬೌಲ್ ಗೆದ್ದರು. ನಮ್ಮಲ್ಲಿ ಆಗ ಸೋಮವಾರದ ಬೆಳಗಾಗಿತ್ತು. ಮುಂದಿನ ತಿಂಗಳು ಈಗಲ್ಸ್ ವರ್ಷಕ್ಕೆ 2.06 ಕೋಟಿ ಡಾಲರ್‌ನಂತೆ ಎರಡು ವರ್ಷದ ವಿಸ್ತರಣೆ ಕೊಟ್ಟಿತು. ವರ್ಷಕ್ಕೆ ಎರಡು ಕೋಟಿ ದಾಟಿದ ಮೊದಲ ರನ್ನಿಂಗ್ ಬ್ಯಾಕ್ ಅವರು. ಗಾಳಿ ತಿರುಗಿತೆಂದು ಕೆಲವರು ಬರೆದರು. ತಿರುಗಿರಲೂಬಹುದು. ಆದರೆ ಅದೇ ಒಂದು ಋತುವಿನಲ್ಲಿ ನಾಕೌಟ್ ಸೇರಿಸಿ ಬಾರ್ಕ್ಲಿ ಓಡಿದ್ದು 436 ಸಲ. ಹಲ್ಲು ಎಣಿಸುವವರು ಅದನ್ನೂ ಬರೆದುಕೊಂಡಿದ್ದಾರೆ.

ನಿಲ್ಲಿಸುವುದು ಹೇಗೆ

ಬ್ಯಾರಿ ಸ್ಯಾಂಡರ್ಸ್ 1999ರ ಜುಲೈನಲ್ಲಿ, ತಂಡದ ತರಬೇತಿ ಶಿಬಿರ ಶುರುವಾಗುವ ಹೊತ್ತಿಗೆ, ತಮ್ಮ ಊರು ವಿಚಿಟಾದ ಪತ್ರಿಕೆಗೆ ಒಂದು ಫ್ಯಾಕ್ಸ್ ಕಳಿಸಿ ನಿವೃತ್ತರಾದರು. ವಯಸ್ಸು 31, ಕಾಲು ಗಟ್ಟಿಯಾಗಿತ್ತು. ಒಟ್ಟು ಓಟದ ಆಗಿನ ದಾಖಲೆಗೆ 1,457 ಗಜ ಬಾಕಿ. ಹಿಂದಿನ ವರ್ಷ ಅವರು ಓಡಿದ್ದು 1,491. ಇನ್ನೊಂದು ವರ್ಷ ಆಡಿದ್ದರೆ ಆಗುತ್ತಿತ್ತು, ಆಡಲಿಲ್ಲ. ಸ್ಮಿತ್ ಇದಕ್ಕೆ ತದ್ವಿರುದ್ಧ. 2002ರ ಅಕ್ಟೋಬರ್ 27ರಂದು ವಾಲ್ಟರ್ ಪೇಟನ್ ಅವರ 16,726 ಗಜದ ದಾಖಲೆ ಮುರಿದರು, ಅದೇ ಋತುವಿನ ಕೊನೆಗೆ ಕೌಬಾಯ್ಸ್ ಅವರನ್ನು ಬಿಟ್ಟಿತು. ಅರಿಜೋನಾಕ್ಕೆ ಹೋಗಿ ಇನ್ನೆರಡು ವರ್ಷ ಓಡಿದರು. ಆಮೇಲೆ ಟಿವಿಯ ನೃತ್ಯ ಸ್ಪರ್ಧೆಯೊಂದನ್ನೂ ಗೆದ್ದರು. ಮೂರು ಸೆಕೆಂಡಿನಲ್ಲಿ ಹೆಜ್ಜೆ ಕಾಯುವ ವಿದ್ಯೆ ಅಲ್ಲೂ ಕೈಹಿಡಿದಿರಬೇಕು.

ಹೆಚ್ಚಿನವರಿಗೆ ಫ್ಯಾಕ್ಸೂ ಇಲ್ಲ, ದಾಖಲೆಯೂ ಇಲ್ಲ. ಮಂಗಳವಾರ ಬೆಳಗ್ಗೆ ತಂಡದ ಕಚೇರಿಯಿಂದ ಒಂದು ಕರೆ, ಆಟದ ಕೈಪಿಡಿ ವಾಪಸು ಕೊಟ್ಟು ಬಾ ಎಂದು. ಮೂರು ಋತು ಪೂರೈಸಿದವರಿಗೆ ಪಿಂಚಣಿಯ ಹಕ್ಕು ಬರುತ್ತದೆ. ಆ ಎರಡೂವರೆ ವರ್ಷದ ಸರಾಸರಿಯನ್ನು ಇದರ ಪಕ್ಕದಲ್ಲಿಟ್ಟು ನೋಡಿದರೆ ಮೂರನೆಯ ವರ್ಷಕ್ಕಾಗಿ ಹುಡುಗರು ನೋವು ಮುಚ್ಚಿಟ್ಟು ಆಡುವುದೇಕೆಂದು ತಿಳಿಯುತ್ತದೆ. ತಲೆಗೆ ಮತ್ತೆ ಮತ್ತೆ ಬೀಳುವ ಹೊಡೆತದಿಂದ ಮೆದುಳು ಸವೆಯುವ ಸಿಟಿಇ ಎಂಬ ಕಾಯಿಲೆಯನ್ನು ಮಾಜಿ ಆಟಗಾರನೊಬ್ಬರ ಮೆದುಳಿನಲ್ಲಿ 2002ರಲ್ಲಿ ಗುರುತಿಸಿದವರು ನೈಜೀರಿಯಾ ಮೂಲದ ವೈದ್ಯ ಬೆನೆಟ್ ಒಮಾಲು. ಅದನ್ನು ಖಚಿತವಾಗಿ ಹೇಳಲು ಸಾಧ್ಯವಾಗುವುದು ಸತ್ತ ಮೇಲೆ ಮಾತ್ರ. ನಿವೃತ್ತನಾದವನು ಕೀಲಿಕೈ ಎಲ್ಲಿಟ್ಟೆ ಎಂದು ಮರೆತಾಗ ಅದು ವಯಸ್ಸೋ ಆಟವೋ ಎಂದು ಅವನ ಮನೆಯವರಿಗೆ ತಿಳಿಯುವುದಿಲ್ಲ.

ಈ ಎಲ್ಲ ಲೆಕ್ಕವನ್ನೂ ತಪ್ಪಿಸಿದ ಒಬ್ಬರಿದ್ದಾರೆ. ಫ್ರ್ಯಾಂಕ್ ಗೋರ್ ಅವರಿಗೆ ಕಾಲೇಜಿನಲ್ಲೇ ಎರಡೂ ಮೊಣಕಾಲಿನ ಎಸಿಎಲ್ ಹರಿದಿತ್ತು, ಒಂದು 2002ರಲ್ಲಿ, ಇನ್ನೊಂದು 2003ರಲ್ಲಿ. ಹಲ್ಲು ನೋಡಿದವರೆಲ್ಲ ಬೇಡವೆಂದರು. 2005ರಲ್ಲಿ ಮೂರನೆಯ ಸುತ್ತಿಗೆ ಸ್ಯಾನ್ ಫ್ರಾನ್ಸಿಸ್ಕೊ ಆರಿಸಿಕೊಂಡಿತು. ಗೋರ್ ಹದಿನಾರು ವರ್ಷ ಆಡಿದರು, 241 ಪಂದ್ಯ. 37ನೆಯ ವಯಸ್ಸಿನಲ್ಲಿ, ಸೋಲುತ್ತಲೇ ಇದ್ದ ಜೆಟ್ಸ್ ತಂಡದಲ್ಲಿ, 2020ರ ಡಿಸೆಂಬರ್‌ನಲ್ಲಿ ಕೊನೆಯ ಬಾರಿಗೆ ಚೆಂಡು ಹೊತ್ತರು. ಅವರ ಹೆಸರಿನ ಮುಂದೆ ಆ ಅಂಕಿ ಅಲ್ಲೇ ನಿಂತಿದೆ, ಒಂದು ಗಜ ಹೆಚ್ಚಿಲ್ಲ, ಕಡಿಮೆಯಿಲ್ಲ: 16,000.